ಚಾಚಿದ ಕೈಗೆ ಕೊಡದ ಪೈಪು

ಶ್ರೀನಿವಾಸಪುರದ ಹೊರಗೆ, ಚಿಂತಾಮಣಿ ರಸ್ತೆಯ ಮಗ್ಗುಲಲ್ಲಿ, ಮಾವಿನ ಹಣ್ಣಿಗೆ ಮರದ ಪೆಟ್ಟಿಗೆ ಮಾಡುವ ಷೆಡ್ಡೊಂದಿತ್ತು. ಅಲ್ಲಿ ಪ್ರತಿ ಮೇಜಿಗೂ ಇಬ್ಬರು. ಒಬ್ಬರು ಹಲಗೆ ಹಿಡಿಯುವವರು, ಇನ್ನೊಬ್ಬರು ಮೊಳೆ ಹೊಡೆಯುವವರು. ಹಿಡಿಯುವವರ ಕೈ ಕದಲಬಾರದು, ಹೊಡೆಯುವವರ ಗಮನ ಕದಲಬಾರದು. ಇಬ್ಬರಲ್ಲಿ ಒಬ್ಬರು ತಪ್ಪಿದರೂ ಏಟು ಬೀಳುವುದು ಹಿಡಿದವರಿಗೇ. ಷೆಡ್ಡಿನಲ್ಲಿ ಎಲ್ಲರಿಗೂ ಇದು ಗೊತ್ತಿತ್ತು. ಗೊತ್ತಿದ್ದುದರಿಂದಲೇ ಯಾರೂ ಅದನ್ನು ಬಾಯಿಬಿಟ್ಟು ಹೇಳುತ್ತಿರಲಿಲ್ಲ.

ಮೊದಲು ಸುತ್ತಿಗೆಯ ಕಾಲ. ಆಮೇಲೆ ಮೊಳೆ ಗನ್ನು ಬಂತು. ಮೂಲೆಯಲ್ಲಿ ಕಂಪ್ರೆಸರು ಗುಡುಗುಡು ಅನ್ನುತ್ತದೆ. ಅದರ ಗಾಳಿ ಉದ್ದನೆಯ ಪೈಪಿನಲ್ಲಿ ಹರಿದು ಗನ್ನಿಗೆ ಬರುತ್ತದೆ. ಹೂವಿನ ಸರದಂತೆ ಒಂದಕ್ಕೊಂದು ಅಂಟಿಸಿದ ಮೊಳೆಗಳನ್ನು ಗನ್ನಿನ ಹೊಟ್ಟೆಗೆ ತುಂಬುತ್ತಾರೆ. ಒಳಗಿರುವ ಒಂದು ಉಕ್ಕಿನ ಕಡ್ಡಿ ಆ ಗಾಳಿಯ ರಭಸಕ್ಕೆ ಕೆಳಗಿಳಿದು ಒಂದೊಂದೇ ಮೊಳೆಯನ್ನು ಹಲಗೆಗೆ ಹೊಡೆಯುತ್ತದೆ. ಗನ್ನಿನ ಮೂತಿಯ ತುದಿಯಲ್ಲಿ ಕಬ್ಬಿಣದ ಒಂದು ಸಣ್ಣ ತುಂಡು ಮುಂದಕ್ಕೆ ಚಾಚಿಕೊಂಡಿರುತ್ತದೆ. ಅದಕ್ಕೆ ಎಲ್ಲರೂ ನಾಲಿಗೆ ಅನ್ನುತ್ತಿದ್ದರು. ನಾಲಿಗೆಯನ್ನು ಹಲಗೆಗೆ ಒತ್ತಿದರೆ ಮಾತ್ರ ಗನ್ನು ಮೊಳೆ ಬಿಡುತ್ತದೆ. ಗಾಳಿಯಲ್ಲಿ ಹಿಡಿದು ಟ್ರಿಗ್ಗರು ಒತ್ತಿದರೆ ಸುಮ್ಮನಿರುತ್ತದೆ. ಮನುಷ್ಯರ ನಾಲಿಗೆಗಿಂತ ಇದೇ ವಾಸಿ, ಹೊತ್ತು ನೋಡಿ ಮಾತಾಡುತ್ತದೆ ಎಂದು ಹೆಂಗಸರು ನಗುತ್ತಿದ್ದರು.

ಷೆಡ್ಡಿಗೆ ಮೇಸ್ತ್ರಿ ಮುನಿಶಾಮಾಚಾರಿ. ಅವರ ಬಲಗೈಯ ತೋರುಬೆರಳು ಮಡಚುತ್ತಿರಲಿಲ್ಲ. ಊಟದ ಎಲೆಯ ಮುಂದೆಯೂ ಆ ಬೆರಳು ಯಾರನ್ನೋ ತೋರಿಸುತ್ತಿರುವಂತೆ ನೆಟ್ಟಗೆ ನಿಂತಿರುತ್ತಿತ್ತು. ಹಿಂದೆ ಬೇರೊಂದು ಊರಿನಲ್ಲಿ ಗನ್ನು ಕಚ್ಚಿಕೊಂಡಾಗ ಅವರು ಪೈಪು ಕಳಚಿ, ಮೂತಿ ಬಿಚ್ಚಿ, ಸಿಕ್ಕಿಕೊಂಡ ಮೊಳೆ ತೆಗೆಯಲು ಬೆರಳು ಹಾಕಿದ್ದರು. ಅತ್ತ ಹೋಗುತ್ತಿದ್ದ ಒಬ್ಬನು ಪೈಪು ತಾನಾಗಿ ಕಳಚಿಬಿದ್ದಿದೆ ಅಂದುಕೊಂಡು, ಉಪಕಾರವಾಗಲಿ ಎಂದು, ಅದನ್ನು ಮತ್ತೆ ಸಿಕ್ಕಿಸಿಬಿಟ್ಟ. ಗಾಳಿ ನುಗ್ಗಿ ಒಳಗಿನ ಕಡ್ಡಿ ಬೆರಳಿನ ಗೆಣ್ಣಿನ ಮೇಲೆ ಇಳಿಯಿತು.

"ಅವನು ಕೆಟ್ಟವನಲ್ಲ. ನನ್ನ ಬೆರಳು ಹೋಗಿದ್ದು ಒಬ್ಬ ಒಳ್ಳೆಯವನಿಂದ," ಎಂದು ಆಚಾರಿ ಹೇಳುತ್ತಿದ್ದರು.

ಆದ್ದರಿಂದ ಈ ಷೆಡ್ಡಿನಲ್ಲಿ ಅವರು ಒಂದು ಪದ್ಧತಿ ಮಾಡಿದ್ದರು. ಗನ್ನು ಕಚ್ಚಿಕೊಂಡರೆ ಹೊಡೆಯುವವನು ಮೊದಲು ಪೈಪು ಕಳಚಬೇಕು. ಕಳಚಿದ ಪೈಪಿನ ತುದಿಯನ್ನು ನೆಲದ ಮೇಲೆ ಬಿಡಬಾರದು, ಮೇಜಿನ ಮೇಲೂ ಇಡಬಾರದು. ಎದುರಿಗೆ ಹಲಗೆ ಹಿಡಿದು ನಿಂತವರ ಕೈಗೆ ಕೊಡಬೇಕು. ಅವರು ಅದನ್ನು ಹೆಗಲ ಮೇಲೆ ಟವೆಲ್ಲಿನಂತೆ ಹಾಕಿಕೊಂಡು ನಿಲ್ಲಬೇಕು. ಗನ್ನು ಚೊಕ್ಕಟವಾಗಿ, ಮೂತಿ ಮುಚ್ಚಿದ ಮೇಲೆ ಹೊಡೆಯುವವನು "ಕೊಡಿ" ಎಂದು ಕೇಳಬೇಕು. ಆಗ ಮಾತ್ರ ಅವರು ಕೊಡಬೇಕು.

"ಗನ್ನು ನಿನ್ನ ಕೈಲಿ ಇರಲಿ. ಗಾಳಿ ಮಾತ್ರ ಎದುರಿಗಿರೋರ ಕೈಲಿ ಇರಲಿ," ಎನ್ನುತ್ತಿದ್ದರು.

ಅವರ ಎರಡನೆಯ ಪದ್ಧತಿ ಇನ್ನೂ ವಿಚಿತ್ರ. ಗನ್ನಿನ ಬಾಯಿಂದ ತೆಗೆದ ಸೊಟ್ಟ ಮೊಳೆಯನ್ನು ಎಸೆಯುವಂತಿರಲಿಲ್ಲ. ಕಂಬಕ್ಕೆ ಕಟ್ಟಿದ ತೆಂಗಿನ ಚಿಪ್ಪಿನಲ್ಲಿ ಹಾಕಬೇಕಿತ್ತು. ಟೀ ಹೊತ್ತಿನಲ್ಲಿ ಆಚಾರಿ ಆ ಮೊಳೆಗಳನ್ನು ಅಂಗೈ ಮೇಲೆ ಸುರಿದುಕೊಂಡು ಒಂದೊಂದನ್ನೇ ಎತ್ತಿ ತೋರಿಸುತ್ತಿದ್ದರು.

"ಇದರ ತಲೆ ನೋಡು, ಓರೆಯಾಗಿ ಜಜ್ಜಿದೆ. ಅಂದ್ರೆ ಒಳಗಿನ ಕಡ್ಡಿ ಸವೆದಿದೆ. ಇದು ನಡು ಬಾಗಿದೆ, ಮರದಲ್ಲಿ ಗಂಟಿತ್ತು, ಇಲ್ಲ ಗಾಳಿ ಸಾಲಲಿಲ್ಲ. ಇವೆರಡು ಒಟ್ಟಿಗೆ ತಬ್ಬಿಕೊಂಡು ಬಂದಿವೆ, ಸರವೇ ಈ ಗನ್ನಿನದಲ್ಲ. ಇದಕ್ಕೆ ತುಕ್ಕು ಬಂದಿದೆ, ಅಂದ್ರೆ ಸಂಜೆ ಕಂಪ್ರೆಸರಿನ ನೀರು ಇಳಿಸಿಲ್ಲ. ಯಾರಪ್ಪಾ ಆ ಪುಣ್ಯಾತ್ಮ?"

ಪುಣ್ಯಾತ್ಮರು ಟೀ ಲೋಟದಲ್ಲಿ ಮುಖ ಮುಚ್ಚಿಕೊಳ್ಳುತ್ತಿದ್ದರು.

ಷೆಡ್ಡಿನ ಹಳೆಯ ಗನ್ನಿಗೆ ಮುದುಕಿ ಎಂದು ಹೆಸರಿತ್ತು. ಅದು ಆಗಾಗ ಕೆಮ್ಮುತ್ತಿತ್ತು. "ಮುದುಕಿ ಕೆಮ್ಮಿದ್ರೆ ಬೆನ್ನು ಗುದ್ದಬೇಡ್ರೋ. ಏನು ನುಂಗಿದಾಳೆ ನೋಡಿ," ಎಂದು ಆಚಾರಿ ಬೈಯುತ್ತಿದ್ದರು. ಬೆಳಿಗ್ಗೆ ಕೆಲಸ ಶುರುವಾಗುವ ಮುನ್ನ ಅವರು ಹಿತ್ತಾಳೆಯ ಎಣ್ಣೆಗಿಂಡಿ ಹಿಡಿದು ಮೇಜಿನಿಂದ ಮೇಜಿಗೆ ಹೋಗುತ್ತಿದ್ದರು. ಪೈಪು ಸಿಕ್ಕಿಸುವ ಬಾಯಿಗೆ ಕೆಲವೇ ಹನಿ ಎಣ್ಣೆ. ಮಗುವಿನ ಕಿವಿಗೆ ಬಿಡುವಷ್ಟು ಜೋಪಾನ. ಆಮೇಲೆ ಬಟ್ಟೆಯಿಂದ ಮೂತಿ ಒರೆಸಿ, ನಾಲಿಗೆಯನ್ನು ಬೆರಳಿನಿಂದ ಒತ್ತಿ, ಅದು ಚಿಮ್ಮಿ ಹಿಂದಕ್ಕೆ ಬರುತ್ತದೆಯೇ ಎಂದು ನೋಡುವುದು. ಆ ಎಣ್ಣೆಗಿಂಡಿ ಯಾರ ಕೈಯಲ್ಲಿದೆಯೋ ಅವರೇ ಷೆಡ್ಡಿನ ಮೇಸ್ತ್ರಿ.

ಮುದುಕಿಯನ್ನು ಹಿಡಿದವನು ಗಂಗುಲಪ್ಪ. ಅವನ ಎದುರಿಗೆ ಹಲಗೆ ಹಿಡಿಯುವವಳು ಅವನ ಅಕ್ಕ ಸುಬ್ಬರತ್ನ.

ತಾಯಿ ತೀರಿಕೊಂಡಾಗ ಗಂಗುಲಪ್ಪನಿಗೆ ಇನ್ನೂ ಹಾಲುಹಲ್ಲು ಬಿದ್ದಿರಲಿಲ್ಲ. ಅವನನ್ನು ಸೊಂಟದ ಮೇಲೆ ಹೊತ್ತು ಬೆಳೆಸಿದವಳು ಅಕ್ಕ. ಈ ಷೆಡ್ಡಿಗೆ ಮೊದಲು ಬಂದವಳೂ ಅವಳೇ. ಅವನಿಗೆ ಸುತ್ತಿಗೆ ಹಿಡಿಯಲು ಬಾರದ ದಿನಗಳಲ್ಲಿ ಅವನ ಎದುರು ಹಲಗೆ ಹಿಡಿಯಲು ಯಾರೂ ಒಪ್ಪಲಿಲ್ಲ. ಸುಬ್ಬರತ್ನ ಹಿಡಿದಳು. ಅವನ ಸುತ್ತಿಗೆ ಜಾರಿ ಅವಳ ಹೆಬ್ಬೆರಳಿನ ಉಗುರು ಕಪ್ಪಾಯಿತು, ಆಮೇಲೆ ಉದುರಿಯೇ ಹೋಯಿತು. ಮಾರನೆಯ ದಿನ ಬಟ್ಟೆ ಸುತ್ತಿಕೊಂಡು ಅದೇ ಕೈಯಲ್ಲಿ ಹಲಗೆ ಹಿಡಿದು ನಿಂತಳು.

"ಕೈ ತೆಗೀಬಾರದಾ ಅಕ್ಕ? ಏಟು ಬರೋದು ಕಾಣಲ್ವಾ?" ಎಂದು ಅವನು ಅಳುತ್ತಾ ಕೇಳಿದ್ದ.

"ನಾನು ಕೈ ತೆಗೆದ್ರೆ ನಿಂಗೆ ಭಯ ಹುಟ್ಟುತ್ತೆ ಕಣೋ. ಭಯ ಬಿದ್ದೋನ ಏಟು ಇನ್ನೂ ಓರೆ ಹೋಗ್ತದೆ. ನೀನು ಹೊಡಿ," ಎಂದಿದ್ದಳು.

ಹಾಗೆ ಕಲಿತ ಗಂಗುಲಪ್ಪ ಈಗ ಇಡೀ ಷೆಡ್ಡಿನಲ್ಲೇ ಚುರುಕು ಕೈಯವನು. ಅವನ ಮೇಜಿನ ಮೇಲೆ ಪೆಟ್ಟಿಗೆ ನಿಲ್ಲುವ ವೇಗಕ್ಕೆ ಹಲಗೆ ಸಾಗಿಸುವವರು ಏದುಸಿರು ಬಿಡುತ್ತಿದ್ದರು. ಆಚಾರಿಗೆ ಕಣ್ಣು ಮಂಜಾಗುತ್ತಿತ್ತು. ಈ ಸುಗ್ಗಿ ಮುಗಿದರೆ ಎಣ್ಣೆಗಿಂಡಿ ಬೇರೆಯವರ ಕೈಗೆ ಹೋಗುತ್ತದೆ ಎಂದು ಎಲ್ಲರೂ ಮಾತಾಡಿಕೊಳ್ಳುತ್ತಿದ್ದರು. ಅದು ತನಗೇ ಬರಬೇಕು ಎಂದು ಗಂಗುಲಪ್ಪ ಆಸೆಪಟ್ಟಿದ್ದ. ಆ ಆಸೆ ತಪ್ಪಲ್ಲ. ಬರುವ ದಾರಿ ವೇಗವೊಂದೇ ಎಂದು ತಿಳಿದದ್ದು ತಪ್ಪು.

ಆ ವರ್ಷ ಮಾವು ಒಂದೇ ಸಲಕ್ಕೆ ಹಣ್ಣಾಯಿತು. ಮಂಡಿಯಲ್ಲಿ ಕಾಯಿ ರಾಶಿ ಬಿದ್ದಿತ್ತು, ತುಂಬಲು ಪೆಟ್ಟಿಗೆ ಇರಲಿಲ್ಲ. ಷೆಡ್ಡಿನ ಮಾಲೀಕ ಚೌಡರೆಡ್ಡಿ ಹೊತ್ತಿಗೊಂದು ಸಲ ಬಂದು ಬಾಗಿಲಲ್ಲಿ ನಿಲ್ಲುತ್ತಿದ್ದರು. ಒಣಗಿದ ಹಲಗೆ ಮುಗಿದು ಹಸಿ ಹಲಗೆ ಬಂತು. ಹಸಿ ಮರದ ಅಂಟು ಗನ್ನಿನ ಮೂತಿಗೆ ಮೆತ್ತಿಕೊಳ್ಳತೊಡಗಿತು. ಯಾವಾಗಲೂ ತರಿಸುವ ಮೊಳೆ ಸರ ಪೇಟೆಯಲ್ಲಿ ಸಿಗದೆ ಬೇರೆ ಸರ ಬಂತು. ನೋಡಲು ಅದೇ ಥರ. ಆದರೆ ಮೊಳೆ ಒಂದು ಕೂದಲಷ್ಟು ಸಣ್ಣ.

ಹೊಸ ಗನ್ನುಗಳು ಹೇಗೋ ತಡೆದುಕೊಂಡವು. ಮುದುಕಿ ಕಚ್ಚಿಕೊಂಡಿತು.

ಮೊದಲ ಸಲ ಗಂಗುಲಪ್ಪ ಪದ್ಧತಿಯ ಪ್ರಕಾರ ಪೈಪು ಕಳಚಿ ಅಕ್ಕನ ಕೈಗೆ ಕೊಟ್ಟ. ಮೊಳೆ ಸರ ಹೊರಗೆಳೆದ, ಮೂತಿ ಬಿಚ್ಚಿದ, ಇಕ್ಕಳದಿಂದ ಮೊಳೆ ಕಿತ್ತ. ಕಿತ್ತದ್ದು ಎರಡು ಮೊಳೆ, ಒಂದನ್ನೊಂದು ತಬ್ಬಿಕೊಂಡಿದ್ದವು. ಅವನು ಅದನ್ನು ಚಿಪ್ಪಿಗೆ ಹಾಕದೆ ಮರದ ಹೊಟ್ಟಿನ ಮೇಲೆ ಎಸೆದ. ಸುಬ್ಬರತ್ನ ಬಗ್ಗಿ ಹುಡುಕಿದಳು, ಸಿಗಲಿಲ್ಲ.

ಸ್ವಲ್ಪ ಹೊತ್ತಿಗೆ ಮತ್ತೆ ಕಚ್ಚಿಕೊಂಡಿತು. ಆಗ ಚೌಡರೆಡ್ಡಿ ಬಾಗಿಲಲ್ಲಿದ್ದರು. ಗಂಗುಲಪ್ಪ ಪೈಪು ಕಳಚಲಿಲ್ಲ. ಗನ್ನನ್ನು ಎತ್ತಿ ಮೇಜಿನ ಅಂಚಿಗೆ ದಡ್ ಎಂದು ಬಡಿದ. ಮೊಳೆ ಉದುರಿತು. ಕೆಲಸ ಸಾಗಿತು.

ಸುಬ್ಬರತ್ನ ಪೈಪಿಗಾಗಿ ಚಾಚಿದ್ದ ಕೈ ಹಾಗೇ ಇತ್ತು.

"ಕೊಡಲ್ವೇನೋ?"

"ಬಿದ್ದೋಯ್ತಲ್ಲ ಅಕ್ಕ. ಇನ್ನೇನು ಕೊಡೋದು?"

"ಯಾಕೆ ಕಚ್ಚಿಕೊಂಡ್ತು ಅಂತ ನೋಡಬೇಡ್ವಾ?"

"ನೋಡ್ತಾ ಕೂತ್ರೆ ಪೆಟ್ಟಿಗೆ ನೀನು ಹಲ್ಲಲ್ಲಿ ಮಾಡ್ತೀಯಾ? ಹಿಡಿ ಹಲಗೆ."

ಪಕ್ಕದ ಮೇಜಿನವರು ನಕ್ಕರು. ಸುಬ್ಬರತ್ನಳೂ ನಕ್ಕು ಹಲಗೆ ಹಿಡಿದಳು.

ಅಂದಿನಿಂದ ಬಡಿಯುವುದೇ ರೂಢಿಯಾಯಿತು. ಮುದುಕಿ ಕೆಮ್ಮಿದಾಗಲೆಲ್ಲ ದಡ್ ಎಂದು ಒಂದು ಏಟು. ಕೆಲವೊಮ್ಮೆ ಎರಡು. ಪ್ರತಿ ಸಲವೂ ಮೊಳೆ ಬಿತ್ತು, ಯಾರಿಗೂ ಏನೂ ಆಗಲಿಲ್ಲ. ತಪ್ಪು ಕೆಲಸ ಒಂದು ಸಲಕ್ಕೇ ಶಿಕ್ಷೆ ಕೊಟ್ಟಿದ್ದರೆ ಮನುಷ್ಯ ಬೇಗ ಕಲಿಯುತ್ತಿದ್ದ. ಅದು ಮೊದಲು ಬಹುಮಾನ ಕೊಡುತ್ತದೆ. ಗಂಗುಲಪ್ಪನ ಪೆಟ್ಟಿಗೆಗಳು ಎಲ್ಲರಿಗಿಂತ ಎತ್ತರಕ್ಕೆ ಏರಿದವು. ಚೌಡರೆಡ್ಡಿ ಅವನ ಬೆನ್ನು ತಟ್ಟಿ, "ಗಂಡು ಅಂದ್ರೆ ಇವನು ಕಣ್ರಯ್ಯ" ಎಂದು ಎಲ್ಲರಿಗೂ ಕೇಳಿಸುವಂತೆ ಹೇಳಿದರು.

ಆದರೆ ಸುಬ್ಬರತ್ನ ಕೈ ಚಾಚುವುದನ್ನು ಬಿಡಲಿಲ್ಲ. ಗನ್ನು ಕಚ್ಚಿಕೊಂಡ ಕೂಡಲೇ ಅವಳ ಬಲಗೈ ಮೇಜಿನ ಮೇಲಿಂದ ಅವನ ಕಡೆಗೆ ಚಾಚುತ್ತಿತ್ತು, ಅಂಗೈ ಮೇಲಾಗಿ. ಅವನು ಕೊಡುತ್ತಿರಲಿಲ್ಲ. ಅವಳು ಹಿಂದಕ್ಕೆ ತೆಗೆದುಕೊಳ್ಳುತ್ತಿದ್ದಳು.

"ಯಾಕಕ್ಕ ಭಿಕ್ಷೆ ಬೇಡೋರ ಥರ ಕೈ ಒಡ್ಡುತೀಯ ಸುಮ್ನೆ?" ಎಂದು ಅವನು ಒಮ್ಮೆ ರೇಗಿದ.

"ನೀನು ಕೊಡದಿದ್ರೂ ಒಡ್ಡುತೀನಿ. ಎಂದಾದ್ರೂ ಒಂದಿನ ನಿಂಗೆ ನಾಚಿಕೆ ಆಗ್ಲಿ ಅಂತ," ಎಂದಳು ಅವಳು. ಹೇಳಿ ಸೆರಗಿನಿಂದ ಅವನ ಹಣೆಯ ಬೆವರು ಒರೆಸಿದಳು. ಪಕ್ಕದ ಮೇಜಿನವರು ಮತ್ತೆ ನಕ್ಕರು.

ದಿನ ಕಳೆದಂತೆ, ಬೆಳಿಗ್ಗೆ ಆಚಾರಿ ಒರೆಸಿ ಹೋದರೂ ಹೊತ್ತೇರುವಷ್ಟರಲ್ಲಿ ಅಂಟು ಗಟ್ಟಿಯಾಗಿ, ಮುದುಕಿಯ ನಾಲಿಗೆ ಸಲೀಸಾಗಿ ಅಲುಗಾಡದಾಯಿತು. ಒತ್ತಿದರೆ ಒಳಗೆ ಹೋಗುವುದಕ್ಕೂ ತಡ, ಹೊರಗೆ ಬರುವುದಕ್ಕೂ ತಡ. ಸೀಮೆಎಣ್ಣೆಯ ಬಟ್ಟೆಯಿಂದ ಒರೆಸಿದ್ದರೆ ಸಾಕಿತ್ತು. ಒರೆಸಲು ಪೈಪು ಕಳಚಬೇಕು. ಕಳಚಿದರೆ ಕೆಲಸ ನಿಲ್ಲುತ್ತದೆ. ಗಂಗುಲಪ್ಪ ಸೈಕಲ್ ಟ್ಯೂಬಿನ ಒಂದು ತುಂಡು ಕತ್ತರಿಸಿ ತಂದ. ನಾಲಿಗೆಯನ್ನು ಒಳಕ್ಕೆ ಒತ್ತಿ ಹಿಡಿದು ಆ ರಬ್ಬರಿನಿಂದ ಬಿಗಿಯಾಗಿ ಕಟ್ಟಿಬಿಟ್ಟ. ಈಗ ಒತ್ತುವ ಕೆಲಸವೇ ಇಲ್ಲ. ಟ್ರಿಗ್ಗರು ಹಿಡಿದರೆ ಸಾಕು, ಎಲ್ಲಿ ಬೇಕೆಂದರಲ್ಲಿ ಮೊಳೆ.

ಆಚಾರಿ ಅದನ್ನು ಕಂಡರು. ಕಣ್ಣು ಮಂಜಾಗಿದ್ದರೂ ಕಂಡರು. ಮೇಜಿನ ಹತ್ತಿರ ಬಂದು ಆ ರಬ್ಬರನ್ನು ಮಡಚದ ಬೆರಳಿನಿಂದ ಮುಟ್ಟಿದರು.

"ಇದೇನಪ್ಪಾ?"

"ಅಂಟಿಗೆ ಹಿಡ್ಕೊಳ್ತಿತ್ತು ಆಚಾರ್ರೇ. ಕಟ್ಟಿದೆ."

"ಮುದುಕಿ ನಾಲಿಗೆ ಕಟ್ಟಿಹಾಕಿದೆಯಾ? ಬೇಡ ಅನ್ನೋದಕ್ಕೆ ಅವಳಿಗೆ ಇದ್ದಿದ್ದು ಅದೊಂದೇ ನಾಲಿಗೆ ಕಣೋ."

ಗಂಗುಲಪ್ಪ ತಲೆ ತಗ್ಗಿಸಿದ.

"ಬಿಚ್ಚು. ಪೈಪು ಅಕ್ಕನ ಕೈಗೆ ಕೊಡು. ಮೂತಿ ತೊಳಿ. ಆ ಸರ ಈ ಗನ್ನಿಗೆ ಆಗಲ್ಲ ಅಂತ ನಂಗೆ ಅನುಮಾನ. ಹಳೇ ಡಬ್ಬದಲ್ಲಿ ನಮ್ಮ ಸರ ಒಂದಿಷ್ಟು ಉಳಿದಿದೆ, ಅದನ್ನ ಹಾಕು. ಉಳಿದ ಮೇಜು ನಡೀತಿರಲಿ."

ಚೌಡರೆಡ್ಡಿ ಅಲ್ಲೇ ಇದ್ದರು. ಹೊರಗೆ ಲಾರಿಯ ಹಿಂಬಾಗಿಲು ತೆರೆದಿತ್ತು. ಆಕಾಶದಲ್ಲಿ ಮೋಡ ಕವಿದು ಷೆಡ್ಡಿನೊಳಗೆ ಹಗಲಲ್ಲೇ ಮಬ್ಬು. ಅವರು ಆಚಾರಿಯ ಮಾತನ್ನು ಅಲ್ಲಗಳೆಯಲಿಲ್ಲ. ಗಂಗುಲಪ್ಪನ ಮುಖ ನೋಡಿ, "ಮಳೆ ಬಂದ್ರೆ ಕಾಯಿ ಕೆಡುತ್ತಪ್ಪ. ಆಚಾರ್ರು ಹೇಳಿದಾರೆ. ಗನ್ನು ಹಿಡಿದೋನು ನೀನು, ನೀನೇ ನೋಡು" ಎಂದರು.

ಷೆಡ್ಡೆಲ್ಲ ಅವನನ್ನೇ ನೋಡುತ್ತಿತ್ತು. ಸುಬ್ಬರತ್ನ ಕೈ ಚಾಚಿದ್ದಳು.

ಅವನಿಗೆ ಆ ಗಳಿಗೆಯಲ್ಲಿ ಎರಡೂ ದಾರಿ ತೆರೆದಿತ್ತು. ಯಾರೂ ಬಲವಂತ ಮಾಡಿರಲಿಲ್ಲ. ಮುಂದೆ ಎಷ್ಟೋ ಸಲ ಅವನು ಈ ಗಳಿಗೆಯನ್ನು ನೆನೆದ. ಯಾರಾದರೂ ಬಲವಂತ ಮಾಡಿದ್ದರು ಎಂದು ನೆನಪಾಗುತ್ತದೆಯೇ ಎಂದು ಹುಡುಕಿದ. ನೆನಪಾಗಲಿಲ್ಲ.

"ಲಾರಿ ಹೋಗ್ಲಿ ಆಚಾರ್ರೇ. ಲಾರಿ ಹೋದ ತಕ್ಷಣ ಎಲ್ಲಾ ಬಿಚ್ಚಿ ತೊಳೀತೀನಿ. ಆಣೆಗೂ," ಎಂದ.

ಆಚಾರಿ ಇನ್ನೇನೋ ಹೇಳಲು ಬಾಯಿ ತೆರೆದರು. ಅಷ್ಟರಲ್ಲಿ ಲಾರಿಯ ಹತ್ತಿರ ಪೆಟ್ಟಿಗೆಯ ಸಾಲು ಕುಸಿಯಿತು, ಅವರನ್ನು ಯಾರೋ ಕೂಗಿದರು. ಅವರು ಹೋದರು.

ಸುಬ್ಬರತ್ನ ಕೈ ಹಿಂದಕ್ಕೆ ತೆಗೆದುಕೊಂಡು ಹಲಗೆ ಹಿಡಿದಳು.

ಕೆಲಸ ಓಡಿತು. ಒಂದರ ಮೇಲೊಂದು ಪೆಟ್ಟಿಗೆ ಏರಿತು. ಆಮೇಲೆ ಮುದುಕಿ ಮತ್ತೆ ಕಚ್ಚಿಕೊಂಡಿತು. ಗಂಗುಲಪ್ಪ ಬಡಿದ. ಮೊಳೆ ಬೀಳಲಿಲ್ಲ. ಇನ್ನೊಮ್ಮೆ ಬಡಿದ. ಬೀಳಲಿಲ್ಲ. ಪೈಪಿನ ತುಂಬ ಗಾಳಿ ಬಿಗಿದುಕೊಂಡೇ ಇತ್ತು. ಅವನು ಗನ್ನನ್ನು ಎದೆಯ ಎತ್ತರಕ್ಕೆ ಎತ್ತಿ ಮೂತಿಯೊಳಗೆ ನೋಡಲು ಹೋದ. ಮೋಡದ ಮಬ್ಬಿನಲ್ಲಿ ಏನೂ ಕಾಣಿಸಲಿಲ್ಲ. ಚಿಕ್ಕಂದಿನಲ್ಲಿ ಕಾಲಿಗೆ ಮುಳ್ಳು ಚುಚ್ಚಿದಾಗ ಅಕ್ಕನ ಕಡೆಗೆ ಕಾಲು ಚಾಚುತ್ತಿದ್ದವನು ಅವನು. ಅದೇ ಸಲಿಗೆಯಲ್ಲಿ ಗನ್ನಿನ ಮೂತಿಯನ್ನು ಅವಳ ಕಡೆಗೆ ತಿರುಗಿಸಿದ.

"ನೋಡಕ್ಕ, ನಿನ್ನ ಕಣ್ಣು ಚುರುಕು. ಮೊಳೆ ಕಾಣ್ತದಾ?"

ಸುಬ್ಬರತ್ನ ನೋಡಲು ಬಗ್ಗಿದಳು. ಬಗ್ಗುತ್ತಲೇ ರೂಢಿಯಂತೆ ಬಲಗೈಯನ್ನು ಪೈಪಿಗಾಗಿ ಚಾಚಿದಳು.

"ಮೊದ್ಲು ಪೈಪು ಕೊ..."

ಗಂಗುಲಪ್ಪ ಗನ್ನನ್ನು ಸ್ವಲ್ಪ ಅಲುಗಾಡಿಸಿದ. ದಿನವೆಲ್ಲ ಟ್ರಿಗ್ಗರಿನ ಮೇಲೆ ಇದ್ದ ಬೆರಳು ಈಗಲೂ ಅಲ್ಲೇ ಇತ್ತು. ಒಳಗೆ ಸಿಕ್ಕಿಕೊಂಡಿದ್ದದ್ದು ಬಿಟ್ಟುಕೊಂಡಿತು. ಬೇಡ ಎನ್ನಬೇಕಾದ ನಾಲಿಗೆ ಕಟ್ಟಿತ್ತು.

ಅವಳು ಕೂಗಲಿಲ್ಲ. ಮೇಜಿನ ಮೇಲೆ ತಲೆಯಿಟ್ಟು ಒರಗಿದವಳಂತೆ ನಿಧಾನವಾಗಿ ಒರಗಿದಳು. ಪಕ್ಕದ ಮೇಜಿನವರು ಅವಳು ತಮಾಷೆ ಮಾಡುತ್ತಿದ್ದಾಳೆ ಎಂದುಕೊಂಡರು. ಆಮೇಲೆ ಕುತ್ತಿಗೆಯ ಕೆಳಗಿನ ಹಲಗೆ ಕೆಂಪಾಗುವುದನ್ನು ಕಂಡರು. ಕಂಪ್ರೆಸರು ಮಾತ್ರ ಗುಡುಗುಡು ಅನ್ನುತ್ತಲೇ ಇತ್ತು. ಯಾರೋ ಓಡಿಹೋಗಿ ಅದನ್ನು ನಿಲ್ಲಿಸಿದರು.

ಲಾರಿಯಲ್ಲಿ ತುಂಬಿದ್ದ ಪೆಟ್ಟಿಗೆಗಳನ್ನು ಕೆಳಕ್ಕೆ ಎಸೆದು ಅವಳನ್ನು ಅದರಲ್ಲೇ ಮಲಗಿಸಿ ಕೋಲಾರದ ಆಸ್ಪತ್ರೆಗೆ ಕೊಂಡೊಯ್ದರು. ಗಂಗುಲಪ್ಪ ಅವಳ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡು ಕೂತಿದ್ದ. ದಾರಿಯುದ್ದಕ್ಕೂ ಅವಳ ಬಲಗೈ ಅಂಗೈ ಮೇಲಾಗಿ ಚಾಚಿದಂತೆಯೇ ಇತ್ತು. ಅವನು ಅದನ್ನು ಮಡಚಿ ಎದೆಯ ಮೇಲೆ ಇಡಲು ನೋಡಿದ. ಲಾರಿ ಕುಲುಕಿದಾಗ ಅದು ಮತ್ತೆ ಜಾರಿ ಅವನ ಕಡೆಗೇ ಬಂತು. ಕೋಲಾರ ಇನ್ನೂ ದೂರವಿದ್ದಾಗಲೇ ಅವಳು ಹೋಗಿಬಿಟ್ಟಿದ್ದಳು.

ಮಳೆ ಬಂತು. ಕೆಳಗೆ ಎಸೆದ ಪೆಟ್ಟಿಗೆಗಳು ನೆನೆದವು. ಒಂದಿಷ್ಟು ಕಾಯಿ ಕೆಟ್ಟಿತು, ಒಂದಿಷ್ಟು ಉಳಿಯಿತು. ಪೊಲೀಸರು ಬಂದು ಕೇಳಿದ್ದಕ್ಕೆಲ್ಲ ಗಂಗುಲಪ್ಪ ಇದ್ದದ್ದನ್ನು ಇದ್ದಂತೆ ಹೇಳಿದ. ಗನ್ನು ತಾನಾಗಿ ಹಾರಿತು ಎಂದು ಹೇಳು ಎಂದು ಕೆಲವರು ಹೇಳಿಕೊಟ್ಟಿದ್ದರು. ಅವನು ಹಾಗೆ ಹೇಳಲಿಲ್ಲ. ಪೊಲೀಸರು ಮುದುಕಿಯನ್ನು ಪೈಪಿನ ಸಮೇತ ಕೊಂಡೊಯ್ದರು. ಅದು ಠಾಣೆಯಿಂದ ಹಿಂದಕ್ಕೆ ಬರುವ ಹೊತ್ತಿಗೆ ಸುಗ್ಗಿ ಮುಗಿದಿತ್ತು, ಷೆಡ್ಡು ಖಾಲಿಯಾಗಿತ್ತು. ಗೋಣಿಯಲ್ಲಿ ಸುತ್ತಿಟ್ಟಿದ್ದ ಅದನ್ನು ಯಾರೂ ಮುಟ್ಟಿರಲಿಲ್ಲ. ಒಳಗಿನದೂ ಹಾಗೇ ಇತ್ತು.

ಒಂದು ಬೆಳಿಗ್ಗೆ ಗಂಗುಲಪ್ಪ ಷೆಡ್ಡಿಗೆ ಬಂದ. ಆಚಾರಿ ಒಬ್ಬರೇ ಬಿಸಿ ಟೀ ಮುಂದಿಟ್ಟುಕೊಂಡು ಕೂತಿದ್ದರು.

"ಅದನ್ನ ಬಿಚ್ಚಬೇಕು ಆಚಾರ್ರೇ," ಎಂದ.

"ಬಿಚ್ಚು."

ಅವನು ಗೋಣಿ ತೆಗೆದ. ಗನ್ನನ್ನು ತನ್ನ ಮೇಜಿನ ಮೇಲೆ ಇಟ್ಟ. ಪೈಪು ಅದಕ್ಕೆ ಸಿಕ್ಕಿಸಿದಂತೆಯೇ ಇತ್ತು. ಕಂಪ್ರೆಸರು ನಿಂತಿತ್ತು, ಗಾಳಿ ಇರಲಿಲ್ಲ. ಆದರೂ ಅವನು ಮೊದಲು ಪೈಪು ಕಳಚಿದ. ಕಳಚಿದ ತುದಿಯನ್ನು ಹಿಡಿದು ಎದುರಿಗೆ ನೋಡಿದ. ಎದುರಿಗೆ ಯಾರೂ ಇರಲಿಲ್ಲ. ಅವನ ಕೈ ಹಾಗೇ ನಿಂತಿತು.

ಆಚಾರಿ ಎದ್ದು ಬಂದು ಸುಬ್ಬರತ್ನ ನಿಲ್ಲುತ್ತಿದ್ದ ಜಾಗದಲ್ಲಿ ನಿಂತರು. ಕೈ ಚಾಚಿದರು. ಪೈಪಿನ ತುದಿಯನ್ನು ತೆಗೆದುಕೊಂಡು ಹೆಗಲ ಮೇಲೆ ಹಾಕಿಕೊಂಡರು.

ಅವನು ಮೊಳೆ ಸರ ಹೊರಗೆಳೆದ. ರಬ್ಬರು ಬಿಚ್ಚಿದ. ಮೂತಿಯ ಕೊಂಡಿ ಎತ್ತಿ ತೆರೆದ. ಒಳಗೆ ಒಂದು ಮೊಳೆ ಇನ್ನೂ ಅಡ್ಡವಾಗಿ ಮಲಗಿತ್ತು. ಅದರ ಜೊತೆಯದು ಎಲ್ಲಿ ಹೋಗಿತ್ತು ಎಂಬುದು ಇಬ್ಬರಿಗೂ ಗೊತ್ತಿತ್ತು. ಇಕ್ಕಳದಿಂದ ಅದನ್ನು ಹಿಡಿದೆಳೆದ, ಸಲೀಸಾಗಿ ಬಂತು. ಹಳೇ ಡಬ್ಬದ ಮೊಳೆಯೊಂದನ್ನು ತಂದು ಪಕ್ಕದಲ್ಲಿಟ್ಟು ನೋಡಿದ. ಕೂದಲಷ್ಟು ವ್ಯತ್ಯಾಸ, ಕಣ್ಣಿಗೇ ಕಾಣುತ್ತಿತ್ತು. ಸೀಮೆಎಣ್ಣೆಯ ಬಟ್ಟೆಯಿಂದ ಅಂಟು ಒರೆಸಿದ. ನಾಲಿಗೆಯನ್ನು ಒತ್ತಿ ಬಿಟ್ಟ, ಚಿಮ್ಮಿ ಹಿಂದಕ್ಕೆ ಬಂತು. ಪೈಪು ಸಿಕ್ಕಿಸುವ ಬಾಯಿಗೆ ಎಣ್ಣೆ ಬಿಟ್ಟ. ಮೂತಿ ಮುಚ್ಚಿದ.

ಆಚಾರಿಯ ಲೋಟದಲ್ಲಿ ಟೀ ಇನ್ನೂ ಹಬೆಯಾಡುತ್ತಿತ್ತು.

ಗಂಗುಲಪ್ಪ ಆ ಹಬೆಯನ್ನು ನೋಡಿದ.

"ಇಷ್ಟೇನಾ ಆಚಾರ್ರೇ?" ಎಂದ.

"ಇಷ್ಟೇ ಕಣಪ್ಪ," ಎಂದರು ಆಚಾರಿ.

ಅವನು ಅಂದಿನವರೆಗೂ ಅತ್ತಿರಲಿಲ್ಲ. ಮಣ್ಣು ಮಾಡಿದಾಗಲೂ ಅತ್ತಿರಲಿಲ್ಲ. ಈಗ ಆ ಮೇಜಿನ ಮೇಲೆ ಹಣೆಯಿಟ್ಟು ಅತ್ತ. ಆಚಾರಿ ಪೈಪನ್ನು ಹೆಗಲ ಮೇಲಿಂದ ತೆಗೆಯದೆ ಹಾಗೇ ನಿಂತಿದ್ದರು.

ಅವನು ಎದ್ದ ಮೇಲೆ ಆಚಾರಿ ಎಣ್ಣೆಗಿಂಡಿಯನ್ನು ಅವನ ಮುಂದೆ ಇಟ್ಟರು.

"ನಂಗೆ ಬೇಡ," ಎಂದ ಗಂಗುಲಪ್ಪ. "ನಂಗೆ ಇನ್ನು ಇದು ಬೇಡ ಆಚಾರ್ರೇ. ನಾನು ಗನ್ನೇ ಮುಟ್ಟಲ್ಲ."

"ಬೇಕು ಅಂತಿದ್ದಾಗ ನಿಂಗೆ ಕೊಡೋ ಹಾಗಿರಲಿಲ್ಲ. ನೀನು ಮುಟ್ಟದಿದ್ರೆ ಬರೋ ವರ್ಷ ಇನ್ನೊಬ್ಬ ಮುಟ್ತಾನೆ. ಅವನ ಎದುರಿಗೂ ಯಾರೋ ಹಲಗೆ ಹಿಡ್ಕೊಂಡು ನಿಂತಿರ್ತಾರೆ," ಎಂದರು ಆಚಾರಿ. "ಇದು ಬಹುಮಾನ ಅಲ್ಲ ಕಣಪ್ಪ. ಹೊರೆ. ಹೊರೋ ಹಾಗಿದ್ರೆ ಹೊರು."

ಅವನು ಗನ್ನಿನಿಂದ ತೆಗೆದ ಮೊಳೆಯನ್ನು ಎತ್ತಿ ಕಂಬದ ಚಿಪ್ಪಿಗೆ ಹಾಕಿದ. ಆಮೇಲೆ ಗಿಂಡಿ ತೆಗೆದುಕೊಂಡ. ಚೌಡರೆಡ್ಡಿ ಮೊದಲು ಒಪ್ಪಲಿಲ್ಲ. "ನೀನೇ ನೋಡು ಅಂದಿದ್ದು ಯಾರು ರೆಡ್ಡಿಯವರೇ?" ಎಂದು ಆಚಾರಿ ಕೇಳಿದರು. ಚೌಡರೆಡ್ಡಿ ಒಪ್ಪಿಕೊಂಡರು.

ಮುಂದಿನ ಸುಗ್ಗಿ ಬಂತು. ಮತ್ತೆ ಲಾರಿ ಬಂದು ನಿಂತಿತು, ಮತ್ತೆ ಮೋಡ ಕವಿಯಿತು. ಗಂಗುಲಪ್ಪನ ಮೇಜಿಗೆ ಹಲಗೆ ಹಿಡಿಯಲು ಅಮರಾವತಿ ಎಂಬ ಹೆಂಗಸು ಹೊಸದಾಗಿ ಸೇರಿದ್ದಳು. ಅವನಿಗಿಂತ ಚಿಕ್ಕವಳು. ಅವಳು ಈ ಷೆಡ್ಡಿನ ಪದ್ಧತಿ ತಿಳಿದವಳಲ್ಲ. ಮರದಲ್ಲಿ ಗಂಟು ಸಿಕ್ಕಿ ಗನ್ನು ಕಚ್ಚಿಕೊಂಡಿತು. ಗಂಗುಲಪ್ಪ ಟ್ರಿಗ್ಗರಿನಿಂದ ಬೆರಳು ತೆಗೆದು, ಪೈಪು ಕಳಚಿ, ತುದಿಯನ್ನು ಮೇಜಿನಾಚೆಗೆ ಹಿಡಿದ.

ಅವಳಿಗೆ ಅರ್ಥವಾಗಲಿಲ್ಲ. ಹಲಗೆ ಹಿಡಿದೇ ನಿಂತಿದ್ದಳು.

ಹೊರಗಿನಿಂದ ಚೌಡರೆಡ್ಡಿ, "ಯಾಕಪ್ಪಾ ನಿಂತೋಯ್ತು?" ಎಂದು ಕೂಗಿದರು. ಲಾರಿಯ ಡ್ರೈವರು ಹಾರನ್ನು ಒತ್ತಿದ. ಗಂಗುಲಪ್ಪ ತಿರುಗಿ ನೋಡಲಿಲ್ಲ. ಪೈಪಿನ ತುದಿ ಹಿಡಿದು ಕಾದ.

"ಕೈ ಚಾಚಕ್ಕ," ಎಂದ.

"ನಾನ್ಯಾಕಣ್ಣ ಅದನ್ನ ಹಿಡ್ಕೋಬೇಕು?" ಎಂದಳು ಅವಳು.

"ನಾನು ಕೇಳೋ ತನಕ ಹೆಗಲ ಮೇಲೆ ಹಾಕ್ಕೊಂಡು ನಿಂತಿರು. ಯಾರು ಕೂಗಿದ್ರೂ ಕೊಡಬೇಡ. ನಾನೇ ಅವಸರ ಮಾಡಿದ್ರೂ ಕೊಡಬೇಡ."

ಅಮರಾವತಿ ಹಲಗೆ ಬಿಟ್ಟು ಕೈ ಚಾಚಿದಳು, ಅಂಗೈ ಮೇಲಾಗಿ. ಗಂಗುಲಪ್ಪ ಆ ಕೈಯನ್ನು ಒಂದು ಗಳಿಗೆ ನೋಡಿದ. ಆಮೇಲೆ ಪೈಪನ್ನು ಅದರಲ್ಲಿಟ್ಟು, ಬೆರಳುಗಳನ್ನು ಅದರ ಸುತ್ತ ಮಡಚಿದ.

ನೀತಿ: ಕೆಲಸಕ್ಕೆ ಅಡ್ಡಿ ಬಂದಾಗ ಅದನ್ನು ಬಡಿದು ಬೀಳಿಸಿದವನು ಅಡ್ಡಿಯನ್ನು ತೆಗೆದವನಲ್ಲ, ಮುಂದಕ್ಕೆ ತಳ್ಳಿದವನು. ನಿಂತು ಕಾರಣ ಹುಡುಕಲು ಹಿಡಿಯುವುದು ಒಂದು ಲೋಟ ಟೀ ಆರುವಷ್ಟು ಹೊತ್ತು ಮಾತ್ರ. ಆ ಹೊತ್ತನ್ನು ಉಳಿಸಲು ಹೋದ ನಮ್ಮ ಅವಸರಕ್ಕೆ ತಲೆ ಕೊಡುವವರು ಬಹಳ ಸಲ ನಾವಲ್ಲ. ನಮ್ಮನ್ನು ನಂಬಿ, ಕೈ ಹಿಂದಕ್ಕೆ ತೆಗೆಯದೆ, ಎದುರಿಗೆ ನಿಂತವರು.